ಸಾಯುವ ಮೀನಿಗೆ ಕಚ್ಚಾ ಹೊಲಿಗೆ

ನೈರೋಬಿಯಲ್ಲಿ ಈ ವಾರ ಗುರುತರವಾದ ಪ್ರಶ್ನೆಯೊಂದು ತೀರ್ಮಾನಕ್ಕೆ ಕಾದು ಕುಳಿತಿದೆ: ಮೀನಿಗೆ ಜಿಪ್ ಎಲ್ಲಿರಬೇಕು, ಬೆನ್ನಿಗೋ, ಹೊಟ್ಟೆಗೋ? ಬೆನ್ನಿಗೆ ಎಂದು ಶಾಲೆ ಹೇಳಿದೆ. ಎಲ್ಲಿದ್ದರೂ ಸರಿ, ಚುಚ್ಚಬಾರದು ಎಂದು ಮೀನಾಗಬೇಕಾದ ಹುಡುಗಿ ಹೇಳಿದ್ದಾಳೆ. ಕೊನೆಯ ಮಾತು ಹೇಳಬೇಕಾದವರ ಬಾಯಲ್ಲಿ ಗುಂಡುಸೂಜಿಗಳಿರುವುದರಿಂದ ಅವರು ಸದ್ಯಕ್ಕೆ ಏನನ್ನೂ ಹೇಳುತ್ತಿಲ್ಲ.

ಅವರು ಡೆಲ್ಫಿನ್ ಮಥಾಯಸ್. ಅವರ ಅಂಗಡಿಯಿರುವ ನ್ಗಾರಾ ಬಡಾವಣೆಯಲ್ಲಿ ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಮೊದಲ ಮಟಾಟು ವ್ಯಾನುಗಳು ಊರಿನ ಹೆಸರು ಕೂಗಿಕೊಂಡು ಹೋಗುತ್ತಿವೆ. ಪ್ಲಾಸ್ಟಿಕ್ ಬಕೆಟ್ಟುಗಳ ಹೋಲ್‌ಸೇಲ್ ಅಂಗಡಿಯ ಪಕ್ಕ ಅರ್ಧ ಎತ್ತಿದ ಶಟರ್, ಅದರ ಕೆಳಗಿನಿಂದ ಕಾಣುವುದು ಎರಡು ಪಾದ ಮತ್ತು ಹೊಲಿಗೆ ಮೆಷಿನ್ನಿನ ಒಂದು ಪೆಡಲ್. ಕರೆಂಟಿನ ಮೆಷಿನ್ನೂ ಇದೆ. ಅದರ ಮೇಲೆ ಇಸ್ತ್ರಿ ಆದ ಯೂನಿಫಾರ್ಮುಗಳ ರಾಶಿ. "ಕರೆಂಟನ್ನು ನಂಬಿ ಕೂತ್ರೆ ಈ ಊರಿನ ಮಕ್ಕಳು ಬನಿಯನ್ನಲ್ಲೇ ಶಾಲೆಗೆ ಹೋಗ್ಬೇಕು," ಎನ್ನುತ್ತಾರೆ. ಅಷ್ಟು ಹೇಳಲಿಕ್ಕೆಂದೇ ಸೂಜಿಗಳು ಬಾಯಿಂದ ಹೊರಗೆ ಬಂದು, ಹೇಳಿ ಮುಗಿದ ಮೇಲೆ ಮತ್ತೆ ಒಳಗೆ ಹೋಗುತ್ತವೆ.

ಮಂಗಳೂರಿನ ಬಿಜೈಯಿಂದ ಮದುವೆಯಾಗಿ ಬಂದವರು. ಗಂಡ ಹ್ಯೂಬರ್ಟ್ ಇಂಡಸ್ಟ್ರಿಯಲ್ ಏರಿಯಾದ ಹಿಟ್ಟಿನ ಗಿರಣಿಯೊಂದರಲ್ಲಿ ಲೆಕ್ಕ ಬರೆಯುತ್ತಿದ್ದರು. ಈಗ ಪಂಗಾನಿಯ ಮನೆಯಲ್ಲಿ ಕೂತು ಹೆಂಡತಿಯ ಕೆಲಸಕ್ಕೆ ಸಲಹೆ ಕೊಡುತ್ತಾರೆ. ವರ್ಷವಿಡೀ ಯೂನಿಫಾರ್ಮು, ಟರ್ಮಿನ ಕೊನೆಗೆ ಶಾಲೆಯ ನಾಟಕದ ವೇಷ. ಡೆಲ್ಫಿನ್ ಇಲ್ಲಿಯವರೆಗೆ ಸಿಂಹ, ಜಿರಾಫೆ, ಕ್ರಿಸ್‌ಮಸ್ಸಿನ ಮೂವರು ಅರಸರು ಮತ್ತು ಒಂದು ಜ್ವಾಲಾಮುಖಿಯನ್ನು ಹೊಲಿದಿದ್ದಾರೆ. ಕೋವಿಡ್ಡಿನಲ್ಲಿ ಶಾಲೆಗಳು ಮುಚ್ಚಿದಾಗ ಯೂನಿಫಾರ್ಮು, ವೇಷ ಎರಡೂ ಇರಲಿಲ್ಲ. ಉಳಿದಿದ್ದ ಖಾಕಿ ಬಟ್ಟೆಯಲ್ಲೇ ಮಾಸ್ಕ್ ಹೊಲಿದು ದಿನ ದೂಡಿದರು. ಕಾರ್ಯಕ್ರಮದ ಹಾಳೆಯಲ್ಲಿ ಪ್ರತಿ ವರ್ಷ ಒಂದೇ ಸಾಲು ಅಚ್ಚಾಗುತ್ತದೆ: ವೇಷಭೂಷಣ, ಪೋಷಕರು. ಡೆಲ್ಫಿನ್ ಅದಕ್ಕೆ ಬೇಸರಪಟ್ಟವರಲ್ಲ. "ಪೋಷಕರು ಹೊಲಿದ ಬಟನ್ ನಾನು ನೋಡಿದ್ದೇನಲ್ಲ," ಎಂದಷ್ಟೇ ಹೇಳುತ್ತಾರೆ.

ಈ ಸಲದ ವೇಷ ಸಾಕೈ ಸಾಲ್ಮನ್. ಶಾಲೆಯ ವಿಜ್ಞಾನದ ಪುಸ್ತಕ ಕೆನಡಾದ್ದು, ಆದ್ದರಿಂದ ಮೀನೂ ಅಲ್ಲಿಯದೇ. ಜಪಾನಿನ ಉತ್ತರದ ತುದಿಯಿಂದ ಹಿಡಿದು ರಷ್ಯಾ, ಅಲಾಸ್ಕಾ, ಕೆನಡಾ ಬಳಸಿ ಅಮೆರಿಕದ ಪಶ್ಚಿಮದ ನದಿಗಳವರೆಗೆ ಅದರ ಓಡಾಟ. ಆ ದಾರಿಯಲ್ಲಿ ನೈರೋಬಿ ಸಿಗುವುದಿಲ್ಲ. ನಮ್ಮ ವಿಕ್ಟೋರಿಯಾ ಸರೋವರದ ತಿಲಾಪಿಯಾ ಯಾಕಾಗಬಾರದು ಎಂದು ಹ್ಯೂಬರ್ಟ್ ಕೇಳಿದರಂತೆ. ನಾಟಕ ಬರೆದ ವಿಜ್ಞಾನದ ಟೀಚರ್ ಅಕಿನ್ಯಿ ಉತ್ತರ ಕೊಟ್ಟಿದ್ದಾರೆ: ತಿಲಾಪಿಯಾ ಇದ್ದಲ್ಲೇ ಇರುತ್ತದೆ, ಮರಿಗಳನ್ನು ಬಾಯಲ್ಲಿಟ್ಟುಕೊಂಡು ಸಾಕುತ್ತದೆ, ಅಂಥ ಸಂಸಾರಸ್ಥ ಮೀನಿನಿಂದ ನಾಟಕ ಹುಟ್ಟುವುದಿಲ್ಲ.

ಸಾಕೈ ಹಾಗಲ್ಲ. ನದಿಯ ಕಲ್ಲುಗಳ ಸಂದಿಯಲ್ಲಿ ಮೊಟ್ಟೆಯೊಡೆದು, ಸರೋವರದಲ್ಲಿ ಒಂದೆರಡು ವರ್ಷ ಬೆಳೆದು, ಸಮುದ್ರಕ್ಕೆ ಇಳಿದು ಬೆಳ್ಳಿಯಂತಾಗುತ್ತದೆ. ವರ್ಷಗಳ ಮೇಲೆ ಹುಟ್ಟಿದ ಹೊಳೆಯ ವಾಸನೆ ಹಿಡಿದು ವಾಪಸ್ಸು ಏರಿ ಬರುತ್ತದೆ. ನದಿಗೆ ಬಂದ ಮೇಲೆ ಊಟ ಬಿಡುತ್ತದೆ. ಮೈ ಕೆಂಪಾಗುತ್ತದೆ, ತಲೆ ಹಸಿರಾಗುತ್ತದೆ. ಮೊಟ್ಟೆಯಿಟ್ಟು ಸಾಯುತ್ತದೆ. ಡೆಲ್ಫಿನ್ ಪಾಲಿಗೆ ಈ ಇಡೀ ಜೀವನವೆಂದರೆ ಮೂರು ಬಟ್ಟೆ: ಬೂದು, ಬೆಳ್ಳಿ, ಕೆಂಪು. "ನಮ್ಮಲ್ಲಿ ಮದುಮಗಳಿಗೆ ಸಾಡೊ ಅಂತ ಕೆಂಪು ಸೀರೆ ಉಡಿಸ್ತಾರೆ. ಇದು ಮೀನಿನ ಸಾಡೊ," ಎಂದು ಕೆಂಪು ಬಟ್ಟೆಯನ್ನು ತೊಡೆಯ ಮೇಲೆ ಸವರುತ್ತಾರೆ.

ವೇದಿಕೆಯ ಮೇಲೆ, ಎಲ್ಲರ ಕಣ್ಣೆದುರು, ಬೆಳ್ಳಿ ಕೆಂಪಾಗಬೇಕು. ಅದಕ್ಕೆ ಅವರು ಕಂಡುಕೊಂಡ ಉಪಾಯ ಕಚ್ಚಾ ಹೊಲಿಗೆ. ಪಕ್ಕಾ ಹೊಲಿಗೆ ಹಾಕುವವರೆಗೆ ಬಟ್ಟೆ ಜಾರದಿರಲೆಂದು ದೊಡ್ಡ ದೊಡ್ಡ ಟಾಕು ಹಾಕಿ, ಕೆಲಸ ಮುಗಿದ ಮೇಲೆ ಎಳೆದು ಬಿಸಾಡುತ್ತಾರಲ್ಲ, ಅದು. ಕೆಂಪಿನ ಮೇಲೆ ಬೆಳ್ಳಿಯನ್ನು ಒಂದೇ ದಾರದಲ್ಲಿ ಹಾಗೆ ಹಿಡಿಸಿದ್ದಾರೆ. ಹುಡುಗಿ ತೋಳಿನ ಬಳಿ ದಾರ ಎಳೆದರೆ ಸಮುದ್ರ ಮೈಯಿಂದ ಕಳಚಿ ಬೀಳುತ್ತದೆ. "ಇಷ್ಟು ವರ್ಷ ಬಿಚ್ಚದ ಹಾಗೆ ಹೊಲಿದದ್ದು. ಬಿಚ್ಚುವ ಹಾಗೆ ಹೊಲಿಯುವುದು ಕಷ್ಟ ಉಂಟು ಮಾರಾಯ್ರೇ. ಬೇಗ ಬಿಚ್ಚಲೂಬಾರ್ದು, ಬೇಕಾದಾಗ ಹಟ ಹಿಡೀಲೂಬಾರ್ದು."

ಹೊತ್ತೇರುತ್ತಿದ್ದಂತೆ ಅಳತೆ ನೋಡಲು ಮೀನು ಬರುತ್ತದೆ. ಹೆಸರು ಅಪೇಕ್ಷಾ. ಜೊತೆಗೆ ತಾಯಿ ಹಂಸಾ, ಟೀಚರ್ ಅಕಿನ್ಯಿ. ಹಂಸಾ ಮೈಸೂರಿನವರು, ಗಂಡ ಔಷಧದ ಕಂಪನಿಯಲ್ಲಿ ಮ್ಯಾನೇಜರ್. ಮನೆಯೊಳಗೆ ಮೊಟ್ಟೆಯನ್ನೂ ಬಿಟ್ಟುಕೊಳ್ಳದವರಾದರೂ ಮಗಳು ಮೀನಾಗುವುದಕ್ಕೆ ತಕರಾರಿಲ್ಲ. "ತಿನ್ನಲ್ವಲ್ಲ, ಆಗ್ತಾಳೆ ಅಷ್ಟೆ." ತಕರಾರು ಕೊನೆಯ ದೃಶ್ಯದ್ದು.

"ಶನಿವಾರ ಇವಳ ಬರ್ತ್‌ಡೇ, ಡೆಲ್ಫಿನ್ ಆಂಟಿ. ಹುಟ್ಟಿದ ದಿನವೇ ಸ್ಟೇಜ್ ಮೇಲೆ ಕಣ್ಮುಚ್ಕೊಂಡು ಮಲಗೋದಾ? ನಮ್ಮತ್ತೆ ಬೇರೆ ವಿಡಿಯೋ ಕಾಲ್‌ನಲ್ಲಿ ನೋಡ್ತಿರ್ತಾರೆ."

"ಸಾಯುವುದು ಮೀನಲ್ವಾ..."

"ಬಿಡ್ತು ಅನ್ನಿ!"

"ಬಿಡ್ತು," ಎನ್ನುತ್ತಾರೆ ಡೆಲ್ಫಿನ್, ಸೂಜಿಗಳ ಸಂದಿಯಿಂದ.

"ಮಮ್ಮಿ, ಇಟ್ಸ್ ಎ ಫಿಶ್. ಇಟ್ ಡೈಸ್. ದಟ್ಸ್ ದ ಹೋಲ್ ಸ್ಟೋರಿ."

"ನೀನೂ ಬಿಡ್ತು ಅನ್ನು."

"ಬಿಡ್ತು," ಎನ್ನುತ್ತಾಳೆ ಅಪೇಕ್ಷಾ. ಅವಳು ಅಂದು ಆಡಿದ ಒಂದೇ ಕನ್ನಡ ಪದ ಅದು.

ಹಂಸಾ ತಿದ್ದುಪಡಿಯೊಂದನ್ನು ತಂದಿದ್ದಾರೆ: ಮೊಟ್ಟೆಯಿಟ್ಟ ಮೀನು ಕೈ ಬೀಸಿ ಸಮುದ್ರಕ್ಕೆ ಮರಳಲಿ, ಪರದೆ ಬೀಳಲಿ. ಆಗದಿದ್ದರೆ ಮಗಳು ನಾಟಕದಲ್ಲಿ ಇರುವುದಿಲ್ಲ. ಅಕಿನ್ಯಿ ದನಿ ಏರಿಸದೆ, ಇಂಗ್ಲಿಷಿನಲ್ಲಿ, ಹಾಗಾದರೆ ಅದು ಬೇರೆ ಮೀನಾಗುತ್ತದೆ ಎನ್ನುತ್ತಾರೆ. ಸತ್ತ ಮೀನಿನ ಸತ್ವವೇ ಹೊಳೆಗೆ ಗೊಬ್ಬರ. ಅದರಿಂದ ಹುಳ, ಹುಳದಿಂದ ಮರಿ. ವಾಪಸ್ಸು ಬಂದು ಸಾಯುವವರು ಇಲ್ಲದಿದ್ದರೆ ಹೊಳೆ ಬಡವಾಗುತ್ತದೆ. ಅಣೆಕಟ್ಟುಗಳನ್ನು ಕಟ್ಟಿದ ಅಮೆರಿಕದ ಒಂದು ನದಿಯಲ್ಲಿ, ಮೇಲಿನ ಸರೋವರಕ್ಕೆ ಒಂದು ವರ್ಷ ಒಂದೇ ಒಂದು ಗಂಡು ಸಾಕೈ ತಲುಪಿತ್ತು. ಈಗ ಅಲ್ಲಿ ಮರಿಗಳನ್ನು ತೊಟ್ಟಿಯಲ್ಲಿ ಸಾಕಿ ಬಿಡುತ್ತಾರೆ.

"ಪಾಪ, ಯಾರಿಗೆ ಅಂತ ಬಂದದ್ದೋ ಅದು," ಎನ್ನುತ್ತಾರೆ ಡೆಲ್ಫಿನ್.

ಅಕಿನ್ಯಿ ವಿಕ್ಟೋರಿಯಾ ಸರೋವರದ ದಂಡೆಯ ಕಿಸುಮು ಕಡೆಯವರು. ಅವರ ಅಜ್ಜಿಯ ಕಾಲದಲ್ಲಿ ಮಳೆ ಬಂದರೆ ಸರೋವರದಿಂದ ನಿಂಗು ಎಂಬ ಮೀನು ಹೀಗೇ ಹೊಳೆ ಏರುತ್ತಿತ್ತಂತೆ. ಹೊಳೆಯ ಬಾಯಿಗೇ ಬಲೆ ಕಟ್ಟಿ ಕಟ್ಟಿ ಈಗ ನಿಂಗು ತೀರಾ ಅಪರೂಪ. "ನನ್ನ ಕ್ಲಾಸಿನ ಮಕ್ಕಳು ಆ ಹೆಸರನ್ನೇ ಕೇಳಿಲ್ಲ. ಕೆನಡಾದ ಮೀನಾದರೂ ಸರಿ, ಯಾಕೆ ಹೊಳೆ ಏರುತ್ತದೆ ಅಂತ ಒಮ್ಮೆ ಪೂರ್ತಿ ನೋಡಲಿ."

ಹಂಸಾ ಒಪ್ಪುವುದಿಲ್ಲ. ಇಂಡಸ್ಟ್ರಿಯಲ್ ಏರಿಯಾದ ಟ್ರಾಫಿಕ್ ಜಾಮುಗಳಲ್ಲಿ ಕಾರಿನ ಹಿಂದಿನ ಸೀಟಿನಲ್ಲಿ ತಿಂಗಳಿಡೀ ಮೀನಿನ ಈಜು ಅಭ್ಯಾಸ ಮಾಡಿದ ಅಪೇಕ್ಷಾ ಗೋಡೆ ನೋಡುತ್ತಾ, "ಫೈನ್. ಗಿವ್ ಇಟ್ ಟು ಸಮ್‌ಒನ್ ಎಲ್ಸ್," ಎನ್ನುತ್ತಾಳೆ.

ಡೆಲ್ಫಿನ್ ಸೂಜಿಗಳನ್ನು ಒಂದೊಂದಾಗಿ ತೆಗೆದು ಮೇಜಿನ ಮೇಲಿಡುತ್ತಾರೆ.

"ಮೀನು ಸಾಯ್ಲಿ. ಬಿಡ್ತು. ಅದಕ್ಕೆ ಹುಡುಗಿ ಎಂತಕ್ಕೆ ಮಲಗುವುದು? ಜಿಪ್ಪು ಹೊಟ್ಟೆಗಿಡ್ತೇನೆ. ಒಳಗೆ ಮರಿಯ ಬೂದು ಅಂಗಿ ಹಾಕಿರ್ಲಿ. ಕಲ್ಲಿನ ಹಿಂದೆ ಕವುಚಿ ಕೂತು ಜಿಪ್ಪು ಎಳೆದು ಅಡಿಯಿಂದ ನುಸುಳಿ ಬರ್ಲಿ. ಬೆನ್ನಿಗೆ ಹತ್ತಿ ತುಂಬ್ತೇನೆ, ಅಂಗಿ ಮೀನಿನ ಹಾಗೇ ಬಿದ್ದಿರ್ತದೆ."

"ಅಂದ್ರೆ ಇವಳು ಮಲಗಲ್ಲ?"

"ಇಲ್ಲ."

"ಕಣ್ಣು ಮುಚ್ಚಲ್ಲ?"

"ಮುಚ್ಚಿದ್ರೆ ಎಡವಿ ಬೀಳ್ತಾಳೆ ಹಂಸಾ."

ಹಂಸಾ ಇದನ್ನು ಎಲ್ಲ ಕಡೆಯಿಂದಲೂ ತಿರುಗಿಸಿ ನೋಡುತ್ತಾರೆ. "ಹುಟ್ಟಿದ ದಿನ ಹುಟ್ಟಿದ ಹಾಗೇ ಆಯ್ತಲ್ಲ," ಎನ್ನುತ್ತಾರೆ ಕೊನೆಗೆ, ಇದು ಮೊದಲಿಂದಲೂ ತಮ್ಮದೇ ಯೋಚನೆ ಎಂಬಂತೆ.

ಉಪಾಯ ಇಂಗ್ಲಿಷಿನಲ್ಲಿ ಅಕಿನ್ಯಿಗೆ ತಲುಪುತ್ತದೆ. ನಿಜಕ್ಕೂ ಮರಿಗಳು ಹೊರಬರುವುದು ಮೀನು ಸತ್ತು ತಿಂಗಳುಗಳಾದ ಮೇಲೆ. ಆದರೂ ವೇದಿಕೆಗೆ ಅಷ್ಟು ರಿಯಾಯಿತಿ ಕೊಡಲು ಅಕಿನ್ಯಿ ಸಿದ್ಧ. ಸ್ವಾಹಿಲಿಯಲ್ಲಿ ಅಮ್ಮ ಎಂದು ಕರೆದೇ ಒಪ್ಪುತ್ತಾರೆ: "ಸವಾ, ಮಾಮಾ ಡೆಲ್ಫಿನ್. ಆದರೆ ಒಂದು ಮಾತು. ಮರಿಗಳ ವೇಷದ ಸಣ್ಣ ಮಕ್ಕಳೆಲ್ಲ ಆ ಮೀನನ್ನು ಬಿಡಿಸಿಕೊಂಡು ಹೋಗಬೇಕು. ತುಂಡು ತುಂಡಾಗಿ."

ಮೀನಿನ ಕೆಂಪು ಹುರುಪೆಗಳನ್ನೆಲ್ಲ ಡೆಲ್ಫಿನ್ ಆಗಲೇ ಪಕ್ಕಾ ಹೊಲಿಗೆಯಲ್ಲಿ, ಒಂದರ ಮೇಲೊಂದು ಅಂಚು ಕೂರುವಂತೆ ಹೊಲಿದಿದ್ದಾರೆ. ಇಷ್ಟು ಒಳ್ಳೆಯ ಕೆಲಸ ತಮ್ಮ ಕೈಯಿಂದ ಹಿಂದೆಂದೂ ಬಂದಿಲ್ಲ ಎಂದು ಬೆಳಿಗ್ಗೆಯಷ್ಟೇ ಹೇಳಿದ್ದರು, ಅದೂ ತಾವಾಗಿಯೇ. ಅಂಗಿಯನ್ನು ಎತ್ತಿ ಬೆಳಕಿಗೆ ಹಿಡಿಯುತ್ತಾರೆ. ಆಮೇಲೆ ಕತ್ತರಿ ತೆಗೆದುಕೊಂಡು ಮೊದಲ ಹುರುಪೆಯ ದಾರ ಕತ್ತರಿಸುತ್ತಾರೆ. ಎಲ್ಲ ಬಿಚ್ಚಿ, ಮತ್ತೆ ಕಚ್ಚಾ ಹೊಲಿಗೆಯಲ್ಲಿ ಹಿಡಿಸಬೇಕು, ಸಣ್ಣ ಮಕ್ಕಳ ಕೈಗೂ ಕಿತ್ತು ಬರುವ ಹಾಗೆ.

ಎಲ್ಲರೂ ಹೋದ ಮೇಲೆ, ಹೊಲಿದದ್ದನ್ನೇ ಬಿಚ್ಚಲು ಹೊಟ್ಟೆ ಉರಿಯುವುದಿಲ್ಲವೇ ಎಂದು ಕೇಳಿದರೆ ತಲೆ ಎತ್ತುವುದಿಲ್ಲ. "ಯೂನಿಫಾರ್ಮು ಹರಿದ್ರೆ ತಾಯಂದಿರು ಜಗಳಕ್ಕೆ ಬರ್ತಾರೆ. ಇದು ಹರೀದಿದ್ರೆ ಟೀಚರ್ ಬರ್ತಾರೆ. ಎರಡೂ ಹೊಲಿಗೆಯೇ." ಇನ್ನೊಂದು ಹುರುಪೆ ಬಿಚ್ಚಿ, "ಯಾವಾಗ್ಲೂ ಪರದೆಯ ಹಿಂದೆಯೇ ನಿಲ್ಲುವುದು ನಾನು, ಸೂಜಿ ಹಿಡ್ಕೊಂಡು. ಇದನ್ನೊಂದು ಎದುರಿನಿಂದ ನೋಡ್ಬೇಕು ಅಂತ ಉಂಟು."

ಶನಿವಾರ ಅವರಿಗೆ ಮೂರನೆಯ ಸಾಲಿನಲ್ಲಿ, ಹಂಸಾ ಪಕ್ಕದಲ್ಲಿ ಕುರ್ಚಿ ಸಿಕ್ಕಿತು. ಮೀನು ಸತ್ತಿತು. ಅಪೇಕ್ಷಾ ಎದ್ದು ಉಳಿದ ಮರಿಗಳ ಜೊತೆ ಹೋದಳು. ಮರಿಗಳು ಹತ್ತಿಯನ್ನೂ ಬಿಡದೆ ಕಿತ್ತುಕೊಂಡು ಹೋದ ಅಂಗಿಯಲ್ಲಿ ಜಿಪ್ ಬಿಟ್ಟು ಏನೂ ಉಳಿಯಲಿಲ್ಲ.