ಮಫ್ಲರ್ ಕಟ್ಟಿದ ನೀರಿನ ಪೈಪು

ಅರಕೆರೆಯಲ್ಲಿ ನಮ್ಮ ಪಕ್ಕದ ಮನೆಯವರು ಲಡಾಖಿನಲ್ಲಿ ಸೈನಿಕರಾಗಿದ್ದು ನಿವೃತ್ತರಾಗಿ ಬಂದವರು. ಧನುರ್ಮಾಸ ಬಂತೆಂದರೆ ನೀರಿನ ಪೈಪುಗಳಿಗೆಲ್ಲ ಗೋಣಿಚೀಲ ಸುತ್ತಿ, ಮೇಲೊಂದು ಮಫ್ಲರ್ ಕಟ್ಟುತ್ತಿದ್ದರು. ನಾನು ನಕ್ಕರೆ, "ಒಳಗೆ ನೀರು ಎಪ್ಪುಗಟ್ಟಿದ್ರೆ ಗೊತ್ತಾಯ್ತದೆ ಕಣ್ಲಾ" ಎನ್ನುತ್ತಿದ್ದರು.

ಅವರ ಮಗಳನ್ನು ನೋಡಲು ಗಂಡಿನವರು ಬರುವ ದಿನ ಬೆಳಿಗ್ಗೆ ನಲ್ಲಿಯಲ್ಲಿ ಒಂದು ಹನಿಯೂ ಬರಲಿಲ್ಲ. "ನೋಡ್ಲಾ, ಎಪ್ಪುಗಟ್ಬುಡ್ತು!" ಎಂದು ಖುಷಿಯಿಂದ ಕೂಗಿದವರೇ, ಹಂಡೆಯಲ್ಲಿ ಕಾದಿದ್ದ ಬಿಸಿನೀರನ್ನೆಲ್ಲ ಪೈಪಿನ ಮೇಲೆ ಸುರಿದರು.

ಅವರ ಹೆಂಡತಿ ಮಹಡಿ ಹತ್ತಿ ನೋಡಿ ಬಂದರು. "ಟ್ಯಾಂಕೇ ಖಾಲಿ! ನೀರು ಅರೀತಿದ್ರೆ ಎಪ್ಪುಗಟ್ಟಾಕಿಲ್ಲ ಅಂತ ರಾತ್ರಿಯೆಲ್ಲ ಇತ್ಲ ನಲ್ಲಿ ಬುಟ್ಟಿದ್ದೋರು ನೀವೇ ತಾನೆ?"

ಅಷ್ಟರಲ್ಲಿ ಗಂಡಿನವರ ಕಾರು ಬಂತು. ನಾನು ನಮ್ಮ ಮನೆಯಿಂದ ಒಂದು ಕೊಡ ನೀರು ತಂದುಕೊಟ್ಟೆ. ಗಂಡಿನ ಕಾಲಿಗೆ ನೀರು ಹಾಕುತ್ತ ಪಕ್ಕದ ಮನೆಯ ಯಜಮಾನರು ನನ್ನತ್ತ ಬಗ್ಗಿ ಪಿಸುಗುಟ್ಟಿದರು:

"ಏನೇ ಅನ್ಲಾ, ಖಾಲಿ ಪೈಪು ಮಾತ್ರ ಎಪ್ಪುಗಟ್ಟಾಕಿಲ್ಲ."