ಕರೆಂಟು ಹೋದಾಗ ಓದುತ್ತಿದ್ದ ಪದ್ಮಕ್ಕ

ಕರೆಂಟು ಹೋದರೆ ಹಿಗ್ಗುತ್ತಿದ್ದ ಹೆಂಗಸು ನಮ್ಮ ಬನಹಟ್ಟಿಯಲ್ಲಿ ಒಬ್ಬಳೇ ಇದ್ದಳು, ಪದ್ಮಕ್ಕ. ಓಣಿಯ ಮಗ್ಗಗಳೆಲ್ಲ ಒಮ್ಮೆಲೇ ಬಾಯಿ ಮುಚ್ಚಿದಾಗ ಗಂಡಸರು ಕಂಡಕಂಡವರನ್ನು ಬೈಯುತ್ತ ಚಹಾದಂಗಡಿಗೆ ನಡೆಯುತ್ತಿದ್ದರು. ಪದ್ಮಕ್ಕ ಮಾತ್ರ ಸೆರಗಿನಲ್ಲಿ ಕನ್ನಡಕ ಒರೆಸಿಕೊಂಡು, ಕಂಕುಳಲ್ಲಿ ಪುಸ್ತಕ ಇಟ್ಟುಕೊಂಡು, ಎದುರಿನ ನಮ್ಮ ಮನೆಯ ಪಡಸಾಲೆಗೆ ಬರುತ್ತಿದ್ದಳು.

"ಬರ್ರೆವಾ, ಊರ ಸುಮ್ಮನಾತು. ಇನ್ನ ಮನಶ್ಯಾರ ಮಾತ ಮನಶ್ಯಾರಿಗೆ ಕೇಳಸ್ತೈತಿ."

ನಮ್ಮ ಪಡಸಾಲೆಯಲ್ಲಿ ಆರೇಳು ಹೆಂಗಸರು ಕೂತು ಮಗ್ಗದ ಕಂಡಿಕೆಗಳಿಗೆ ನೂಲು ಸುತ್ತುತ್ತಿದ್ದರು. ಅದು ಕೈರಾಟೆಯ ಕೆಲಸ, ಕರೆಂಟು ಇರಲಿ ಬಿಡಲಿ ನಡೆಯುತ್ತಿತ್ತು. ಮಗ್ಗ ಓಡುವಾಗ ಪಕ್ಕದಲ್ಲಿ ಕೂತವರು ಕೂಗಿದರೂ ಕೇಳಿಸುತ್ತಿರಲಿಲ್ಲ. ಹಾಗಾಗಿ ಪದ್ಮಕ್ಕನ ಓದಿಗೆ ಕರೆಂಟು ಹೋದ ಹೊತ್ತೇ ಗತಿ. ಒಳ್ಳೆಯ ಘಟ್ಟದಲ್ಲಿ ಕರೆಂಟು ಬಂತೆಂದರೆ ಹೆಂಗಸರೆಲ್ಲ ಶಾಪ ಹಾಕುತ್ತಿದ್ದರು.

ಪದ್ಮಕ್ಕ ತೇರದಾಳದ ಜೈನರ ಮನೆಯ ಮಗಳು. ಹೊತ್ತು ಮುಳುಗುವುದರೊಳಗೆ ಉಂಡು ಮುಗಿಸಬೇಕು. ಕಥೆಯ ಸಿಪಾಯಿ ಬಂದೂಕು ಎತ್ತಿ ಗುರಿ ಹಿಡಿದಿದ್ದರೂ ಸರಿ, ಬಿಸಿಲು ಗೋಡೆಯಿಂದ ಇಳಿಯಿತೆಂದರೆ ಪುಸ್ತಕ ಮುಚ್ಚಿ ಎದ್ದುಬಿಡುವಳು. "ಉಂಡ ಬರ್ತೇನಿ. ಅಲ್ಲೀತನಾ ಅಂವ ಹಂಗ ಬಂದೂಕ ಹಿಡ್ಕೊಂಡ ನಿಂದರ್ಲಿ," ಎನ್ನುವಳು.

ಮದುವೆಗೆ ಮುಂಚೆ ಎರಡು ವರ್ಷ ಜಮಖಂಡಿಯಲ್ಲಿ ಹುಡುಗಿಯರ ಹಾಸ್ಟೆಲಿನಲ್ಲಿದ್ದು ಕಾಲೇಜಿಗೆ ಹೋದವಳು. ಅಲ್ಲಿ ಕಾದಂಬರಿ ಒಂದು, ಓದುವವರು ಹನ್ನೆರಡು ಜನ. ಕಾಯುವ ತಾಳ್ಮೆ ಯಾರಿಗೂ ಇಲ್ಲ. ಅದಕ್ಕೆ ಪುಸ್ತಕದ ರಟ್ಟು ಕಿತ್ತು, ಐದು ಕಟ್ಟು ಮಾಡಿ, ಸೂಜಿದಾರದಲ್ಲಿ ಹೊಲಿದು ಹಂಚಿಕೊಳ್ಳುತ್ತಿದ್ದರಂತೆ. ಒಬ್ಬಳಿಗೆ ಮೊದಲು ಮದುವೆಯೇ ಸಿಗುವುದು, ವರ ಯಾರೆಂದು ಗೊತ್ತಿಲ್ಲ. ಇನ್ನೊಬ್ಬಳು ಸಾವಿನಿಂದ ಶುರು ಮಾಡಿ ಸತ್ತವನನ್ನು ಆಮೇಲೆ ಪರಿಚಯ ಮಾಡಿಕೊಳ್ಳುವಳು. ಹಾಸ್ಟೆಲು ಬಿಡುವಾಗ ಕಟ್ಟುಗಳು ಯಾರ್ಯಾರ ಪಾಲಿಗೋ ಹೋದವು. ಪದ್ಮಕ್ಕನ ಟ್ರಂಕಿನ ಪುಸ್ತಕಗಳಲ್ಲಿ ಪೂರ್ತಿ ಇದ್ದದ್ದು ಕಡಿಮೆ. ಇಲ್ಲದ ಕಟ್ಟಿನ ಹತ್ತಿರ ಬಂದಾಗ ಪುಸ್ತಕವನ್ನು ಬೋರಲು ಹಾಕಿ, "ಇದರ ಮುಂದಿಂದು ನನ್ನ ಕಡೆ ಇಲ್ಲ, ಬಾಯಿಲೇ ಹೇಳತೇನಿ," ಎಂದು ತಾನೇ ಹೆಣೆದು ಹೇಳುತ್ತಿದ್ದಳು. ಕೇಳುವವರಿಗೆ ಎರಡೂ ಒಂದೇ.

ಯುದ್ಧದ ಕಾದಂಬರಿಗಳೆಂದರೆ ಅವಳಿಗೆ ಪ್ರಾಣ, ಅವುಗಳ ಜೊತೆ ಜಗಳವೂ ಅಷ್ಟೇ. "ಈ ಪುಸ್ತಕದಾಗಿನ ಹೆಂಗಸೂರು ಬರೇ ಬಾಗಲದಾಗ ನಿಂತಿರ್ತಾರ ನೋಡವಾ. ಕಾಲರ ನೋಯಂಗಿಲ್ಲೇನ ಇವಕ್ಕ? ರೊಟ್ಟಿ ಬಡಿಯಾವ್ರ ಯಾರು?" ಎಂದು ಓದು ನಿಲ್ಲಿಸಿ ಕೇಳುವಳು. ಆಮೇಲೆ ತಾನೇ ನಡುವೆ ನಾಲ್ಕು ಮಾತು ಸೇರಿಸಿ, ಗಂಡನಿಗಾಗಿ ಕಾಯುವ ಆ ನಾಯಕಿಯರಿಂದ ಹಿಟ್ಟು ನಾದಿಸಿ, ಒಲೆ ಹೊತ್ತಿಸುವಳು. ಹೆಂಗಸರು ನಗುತ್ತಿದ್ದರು.

ನಾನು ಎಂಟನೆಯ ಇಯತ್ತೆಯಲ್ಲಿದ್ದ ಬೇಸಿಗೆಯಲ್ಲಿ ಪದ್ಮಕ್ಕ ಅಂಥದೇ ಒಂದು ಕಾದಂಬರಿ ಹಿಡಿದಿದ್ದಳು. ಹಿಮದ ಗಡಿಗೆ ಹೋದ ಸಿಪಾಯಿ, ಊರಲ್ಲಿ ಅವನ ತಾಯಿ. ಓದು ಅರ್ಧಕ್ಕೆ ಬಂದಾಗ ನಿಜವಾದ ಗಡಿಯಲ್ಲೂ ಗುಂಡು ಹಾರತೊಡಗಿತು. ನಮ್ಮ ಓಣಿಯ ಶಾಂತವ್ವನ ಒಬ್ಬನೇ ಮಗ ಮಲ್ಲೇಶಿ ಅಲ್ಲಿದ್ದ. ಅವನ ಫೋನು ಹತ್ತುತ್ತಿರಲಿಲ್ಲ. ಶಾಂತವ್ವ ತನ್ನ ಫೋನನ್ನು ಮಡಿಲಲ್ಲಿಟ್ಟುಕೊಂಡು ಕಂಡಿಕೆ ಸುತ್ತುತ್ತಿದ್ದಳು. ಪದ್ಮಕ್ಕ ಬೇರೆ ಪುಸ್ತಕ ತಂದರೆ ಒಲ್ಲೆ ಎನ್ನುವಳು. "ಅದು ಬ್ಯಾಡ. ಆ ಹುಡುಗ ಏನ ಮಾಡಾಕತ್ತಾನ, ಅದನ್ನ ಹೇಳ."

ನಾಲ್ಕನೆಯ ಕಟ್ಟು ಮುಗಿದ ದಿನ ಪದ್ಮಕ್ಕ, ಕಡೆಯ ಕಟ್ಟು ತನ್ನ ಕಡೆ ಇಲ್ಲ ಎಂದಳು. ಅಲ್ಲಿಂದ ಬಾಯಿಮಾತಿನ ಕಥೆ. ಸಿಪಾಯಿ ಹಿಮದಲ್ಲಿ ದಾರಿ ತಪ್ಪಿದ, ಕುರಿ ಕಾಯುವ ಮುದುಕಿಯೊಬ್ಬಳು ಗುಡಿಸಲಿಗೆ ಕರೆದುಕೊಂಡಳು, ಅವಳಿಗೆ ಇವನು ಜೋಳದ ರೊಟ್ಟಿಯ ರುಚಿ ವರ್ಣಿಸಿದ. ಹೀಗೆ ಎಷ್ಟೋ ವಾರ. ಕಥೆ ಕೇಳಿದ ದಿನ ಶಾಂತವ್ವ ನಮ್ಮಲ್ಲೇ ಕೂತು ಒಂದು ರೊಟ್ಟಿ ತಿನ್ನುತ್ತಿದ್ದಳು. ಕರೆಂಟು ಹೋಗದ ದಿನ ಅದೂ ಇಲ್ಲ.

ಒಂದು ಮಧ್ಯಾಹ್ನ ಯಾರದೋ ಕಾಗದ ಓದಿ ಹೇಳಬೇಕಿತ್ತು; ಪದ್ಮಕ್ಕ ಕನ್ನಡಕ ಮರೆತು ಬಂದು, "ಟ್ರಂಕಿನ್ಯಾಗ ಐತಿ, ತಗೊಂಬಾ," ಎಂದು ನನ್ನನ್ನು ಕಳಿಸಿದಳು. ಕನ್ನಡಕ ಮೇಲೆಯೇ ಇತ್ತು. ನಾನು ಪುಸ್ತಕದ ಆಸೆಗೆ ತಳದವರೆಗೆ ಕೈ ಹಾಕಿದೆ. ಸೀರೆಗಳ ಕೆಳಗೆ, ದಾರ ಸುತ್ತಿದ, ಆ ಸಿಪಾಯಿಯ ಕಾದಂಬರಿಯ ಕಡೆಯ ಕಟ್ಟು ಇತ್ತು. ಪದ್ಮಕ್ಕನಿಗೇ ತಿಳಿಯದೆ ಉಳಿದಿದೆ ಎಂದುಕೊಂಡೆ. ಎಷ್ಟು ಖುಷಿಯಾಯಿತೆಂದರೆ ಓಣಿ ದಾಟುವಾಗಲೇ ಕೂಗಿದೆ, "ಸಿಕ್ತು, ಕಡೇ ಕಟ್ಟ ಸಿಕ್ತು."

ಪದ್ಮಕ್ಕ ಕೈ ಚಾಚಿದಳು. "ಇಲ್ಲಿ ತಾ. ಇನ್ನೇನ ಕರೆಂಟ ಬರತೈತಿ, ನಾಳಿಗೆ ನೋಡೂಣು."

ಶಾಂತವ್ವ ರಾಟೆ ನಿಲ್ಲಿಸಿದ್ದಳು. "ನೀ ಬ್ಯಾಡ ಪದ್ಮಕ್ಕ. ಆ ಹುಡುಗಿ ಓದಲಿ. ಸಾಲಿ ಕಲಿಯೂ ಹುಡುಗಿ, ಇದ್ದದ್ದ ಇದ್ದಂಗ ಓದತೈತಿ."

ಪದ್ಮಕ್ಕ ನನ್ನ ಕಡೆ ನೋಡಿ ಮೆಲ್ಲಗೆ ತಲೆ ಅಲ್ಲಾಡಿಸಿದಳು. ನಾನು ಅದನ್ನು ಕಂಡೆ. ಕಂಡೂ ಓದಿದೆ. ಆ ವರ್ಷ ಭಾಷಣ ಸ್ಪರ್ಧೆಯಲ್ಲಿ ಬಹುಮಾನ ಬಂದಿತ್ತು, ಅಷ್ಟು ಜನ ದೊಡ್ಡವರು ನನ್ನ ಬಾಯಿ ನೋಡುತ್ತ ಕೂತಿದ್ದರು, ನನಗೆ ಅಷ್ಟು ಸಾಕಾಗಿತ್ತು. ಎರಡನೆಯ ಪುಟದಲ್ಲೇ ಸಿಪಾಯಿ ಸತ್ತನೆಂಬ ತಂತಿ ಬಂತು. ಸ್ಪರ್ಧೆಗೆ ಕಲಿತಂತೆ ನಿಲ್ಲಿಸಬೇಕಾದಲ್ಲಿ ನಿಲ್ಲಿಸಿ, ದನಿ ಏರಿಸಬೇಕಾದಲ್ಲಿ ಏರಿಸಿ ಓದಿದೆ. ರಾಟೆಗಳು ಒಂದೊಂದಾಗಿ ನಿಂತವು. ನನಗೆ ತಿಳಿಯುವ ಹೊತ್ತಿಗೆ ಕಥೆಯ ತಾಯಿ ಹೊಸ್ತಿಲ ಮೇಲೆ ಬಿದ್ದಾಗಿತ್ತು.

ಶಾಂತವ್ವ ಹರಿದ ಎಳೆಗೆ ಗಂಟು ಹಾಕಿದಳು. "ಆತಲ್ಲ. ಇಷ್ಟ ಐತಿ ಅಂತ ಮೊದಲ ಹೇಳಬೇಕಿತ್ತಲ್ಲ," ಎಂದು ಪದ್ಮಕ್ಕನಿಗೆ ಹೇಳಿ ಎದ್ದು ಹೋದಳು. ಮತ್ತೆ ನಮ್ಮ ಪಡಸಾಲೆಗೆ ಬರಲಿಲ್ಲ.

ಇಪ್ಪತ್ತು ದಿನಕ್ಕೆ ಮಲ್ಲೇಶಿಯ ಸುದ್ದಿ ಬಂತು. ನಮ್ಮ ಶಾಲೆಯವರೆಲ್ಲ ರಸ್ತೆಯ ಎರಡೂ ಬದಿಗೆ ಧ್ವಜ ಹಿಡಿದು ನಿಂತೆವು. ಮೈದಾನದಲ್ಲಿ ಶಾಂತವ್ವನನ್ನು ಬಿಸಿಲಿಗೆ ಕುರ್ಚಿ ಹಾಕಿ ಕೂಡಿಸಿ, ಒಬ್ಬರಾದ ಮೇಲೊಬ್ಬರು ವೀರಮಾತೆ ಎಂದು ಹೊಗಳಿದರು. ಹೆಡ್‌ಮಾಸ್ತರರು ನನಗೂ ಮಾತಾಡು ಎಂದಿದ್ದರು, ಗಂಟಲು ನೋವೆಂದು ಸುಳ್ಳು ಹೇಳಿದೆ. ಕಡೆಗೆ ಪದ್ಮಕ್ಕ ನೆಟ್ಟಗೆ ವೇದಿಕೆಗೆ ಹೋದಳು. "ಆಕಿ ಮುಂಜಾನಿಂದ ಏನೂ ಬಾಯಿಗಿಟ್ಟಿಲ್ಲ. ಮೊದಲ ಒಂದ ತಂಬಗಿ ನೀರ ಕೊಡ್ರಿ, ಆಮ್ಯಾಲೆ ಏನರ ಅನ್ನೀರಂತ."

ಹುಡುಗಿಯ ಓದೇ ತಟ್ಟಿತು ಎಂದು ಓಣಿಯಲ್ಲಿ ಕೆಲವರು ಆಡಿಕೊಂಡರು. ಪದ್ಮಕ್ಕ ಅವರ ಬಾಯಿ ಮುಚ್ಚಿಸಿದಳು. ಶಾಂತವ್ವ ಎಂದಿನಂತೆ ಹಬ್ಬಕ್ಕೆ ಶೇಂಗಾ ಹೋಳಿಗೆ ಕೊಟ್ಟು ಕಳಿಸುತ್ತಿದ್ದಳು, ನನ್ನ ಪಾಲನ್ನು ನಾನು ಬೇರೆಯವರಿಗೆ ಕೊಟ್ಟುಬಿಡುತ್ತಿದ್ದೆ. ಪದ್ಮಕ್ಕ ಮತ್ತೆಂದೂ ಓದಲೆಂದು ಟ್ರಂಕು ತೆರೆಯಲಿಲ್ಲ. ಆಮೇಲೆ ಕರೆಂಟು ಹೋದರೆ ನಮ್ಮ ಪಡಸಾಲೆಯಲ್ಲಿ ರಾಟೆಯ ಸದ್ದು ಮಾತ್ರ ಕೇಳುತ್ತಿತ್ತು.

ಗಂಡ ತೀರಿಕೊಂಡ ಮೇಲೆ ಅವಳು ತೇರದಾಳಕ್ಕೆ ಅಣ್ಣನ ಮಗನ ಮನೆಗೆ ಹೋದಳು. ನಾನು ಮುಧೋಳದಲ್ಲಿ ಕನ್ನಡ ಕಲಿಸುತ್ತೇನೆ. ತರಗತಿಯಲ್ಲಿ ಯಾವ ಹುಡುಗಿಯಾದರೂ ಚೆನ್ನಾಗಿ ದನಿ ಏರಿಸಿ ಓದಿದರೆ ನಡುವೆಯೇ ತಡೆದು ಪುಸ್ತಕ ಮುಚ್ಚಿಸುತ್ತೇನೆ. ಹೋದ ವರ್ಷ ಪದ್ಮಕ್ಕ ತೀರಿಹೋದಳು. ಅದಕ್ಕೆ ಎರಡು ತಿಂಗಳ ಮೊದಲು ನೋಡಲು ಹೋಗಿದ್ದೆ. ಕಣ್ಣು ಪೂರ್ತಿ ಹೋಗಿದ್ದವು, ದನಿ ಹಾಗೆಯೇ ಇತ್ತು. ಇಷ್ಟು ವರ್ಷ ಹೇಳದ್ದನ್ನು ಅಂದು ಹೇಳಿದೆ.

"ನೀ ಬ್ಯಾಡ ಅಂತ ತಲಿ ಅಲ್ಲಾಡಿಸಿದ್ದು ನಾ ನೋಡಿದ್ದೆ ಪದ್ಮಕ್ಕ. ನೋಡೇ ಓದಿದೆ."

"ಗೊತ್ತೈತಿ." ನನ್ನ ಕೈ ಹುಡುಕಿ ಹಿಡಿದುಕೊಂಡಳು. "ಭಾಳ ಛಲೋ ಓದಿದಿ ಅವತ್ತ."

ನಾನು ಅತ್ತೆ. ಅವಳು ಕೈ ಸವರಿದಳು. ಕಣ್ಣೊರೆಸಿಕೊಂಡು, ನಿನ್ನ ಬಾಯಿಮಾತಿನ ಕಥೆಯಲ್ಲಿ ನೀನು ಆ ಸಿಪಾಯಿಯನ್ನು ಕಡೆಗೆ ಏನು ಮಾಡುವವಳಿದ್ದೆ ಎಂದು ಕೇಳಿದೆ.

"ಏನೂ ಮಾಡಾಕಿ ಇದ್ದಿಲ್ಲ. ಶಾಂತವ್ವನ ಮಗಾ ಮನಿಗೆ ಬರೂತನಾ ಹಂಗ ನಡಸಾಕಿ ಇದ್ದೆ."

"ಅಂವ ಬರಲೇ ಇಲ್ಲಲ್ಲ, ಪದ್ಮಕ್ಕ."

"ಹೌದಲ್ಲ," ಎಂದಳು. "ಹಂಗಾರ ಶಾಂತವ್ವ ಜೀವಂತ ಇರೂತನಾ ಕಥಿ ಹೇಳಬೇಕಾಗತಿತ್ತು. ಹೇಳತಿದ್ದೆ."