ಮಕ್ಸೂದ್ ಸಾಹೇಬರ ಸಾವಿರದ ನಲವತ್ತು ಸಹಿಗಳು

ರಾಣೆಬೆನ್ನೂರಿನ ಮಕ್ಸೂದ್ ಸಾಹೇಬರು ಅಮೆರಿಕದ ವೆಸ್ಟ್ ಬ್ಲೂಮ್‌ಫೀಲ್ಡ್‌ನಲ್ಲಿ ಡ್ರೈ ಕ್ಲೀನಿಂಗ್ ಅಂಗಡಿ ಇಟ್ಟು, ಇಪ್ಪತ್ತು ವರ್ಷ ಊರಿನ ಕೋಟುಗಳ ಕಲೆಗಳನ್ನು ಸಂಹರಿಸಿದ ಮಹಾಶೂರರು. 1996ರಲ್ಲಿ ಊರ ಗ್ರಂಥಾಲಯ ಮಂಡಳಿಯ ಚುನಾವಣೆಗೆ ನಿಂತರು. ಎದುರಾಳಿಯೇ ಇರಲಿಲ್ಲ. ಆದರೂ ಅವರು ಮನೆಗೆ ಮರಳಿದ ಠೀವಿ ನೋಡಿದರೆ ಎಲ್ಲೋ ಒಂದು ಕೋಟೆ ಬಿದ್ದಿರಬೇಕು ಎನಿಸುತ್ತಿತ್ತು. ಆರು ವರ್ಷ, ಪುಸ್ತಕ ಹಿಂದಿರುಗಿಸುವ ಡಬ್ಬಿ ಎಲ್ಲಿಡಬೇಕೆಂದು ಘೋರವಾಗಿ ಕಾದಾಡಿದರು. 2002ರಲ್ಲಿ ಕುದುರೆಯನ್ನು ನೇರ ವಾಷಿಂಗ್ಟನ್ನಿನ ಸಂಸತ್ತಿನ ಕಡೆಗೇ ತಿರುಗಿಸಿದರು.

ಮತಪತ್ರದಲ್ಲಿ ಹೆಸರು ಬರಬೇಕಾದರೆ ಮೊದಲು ಸಾವಿರ ಮತದಾರರ ಸಹಿ ಬೇಕಿತ್ತು. ಆದರೆ ಹಿಂದಿನ ಸೆಪ್ಟೆಂಬರ್‌ನಲ್ಲಿ ನ್ಯೂಯಾರ್ಕಿನ ಗೋಪುರಗಳು ಉರುಳಿದ್ದವು. ಹಳೆಯ ಗಿರಾಕಿಗಳು ಬಾಗಿಲ ಹಿಂದಿನಿಂದಲೇ 'ಸಾರಿ' ಎಂದರು. ಒಬ್ಬಾಕೆ ಪೊಲೀಸರಿಗೆ ಫೋನ್ ಮಾಡಿದಳು. ಅವಳ ಮದುವೆಯ ಗೌನಿನ ವೈನ್ ಕಲೆ ತೆಗೆದವರು ಇದೇ ಸಾಹೇಬರು.

ಉಳಿದವರು ನಮ್ಮ ಕನ್ನಡದವರು. ಅದೇ ಕ್ಷೇತ್ರದ ರಾಚೆಸ್ಟರ್ ಹಿಲ್ಸ್‌ನ ಎಂಜಿನಿಯರ್ ಬಸಯ್ಯ ಚಹಾ ಕೊಟ್ಟು ಪೆನ್ನು ಹಿಡಿದ.

"ನಂದಾತು ಸಾಹೇಬ್ರ. ಪದ್ಮಾಂದೂ ನಾನ ಹಾಕಿಬಿಡ್ಲೇನ್ರಿ? ಆಕಿ ರೊಟ್ಟಿ ಬಡಿಯಾಕತ್ತಾಳ."

"ಹಾಕ್ರಿ, ಹಾಕ್ರಿ! ಗಂಡ ಹೆಂಡ್ತಿ ಬ್ಯಾರೆ ಬ್ಯಾರೆ ಏನ್ರೀ?"

ಯಜಮಾನ ಹಾಕಿದರೆ ಮನೆಮಂದಿಯೆಲ್ಲ ಹಾಕಿದಂತೆ. ಊರಲ್ಲಿ ಹಾಗೇ ನಡೆದಿತ್ತು, ಇಲ್ಲಿಯೂ ಮನೆಮನೆಯಲ್ಲಿ ಹಾಗೇ ನಡೆಯಿತು. ಪ್ರತಿ ಹಾಳೆಯ ಬುಡದಲ್ಲಿ 'ಇವರೆಲ್ಲ ನನ್ನ ಕಣ್ಣೆದುರು ಸ್ವತಃ ಸಹಿ ಮಾಡಿದರು' ಎಂಬ ಪ್ರಮಾಣವಿತ್ತು. ಅದರಡಿ ಸಾಹೇಬರು ಧೀರೋದಾತ್ತವಾಗಿ ತಮ್ಮ ಹೆಸರು ಬರೆದರು. ಒಟ್ಟು ಸಾವಿರದ ನಲವತ್ತು.

ಈ ಸಲ ಎದುರಾಳಿ ಇದ್ದ; ಅವನ ವಕೀಲ ಒಂದೇ ಕೈಬರಹದ ಆ ಜೋಡಿ ಜೋಡಿ ಸಹಿಗಳನ್ನು ಹಿಡಿದು ದೂರು ಕೊಟ್ಟ. ವಿಚಾರಣೆಯಲ್ಲಿ ಚುನಾವಣಾ ಅಧಿಕಾರಿಯೊಬ್ಬ, ಸಾಹೇಬರ ಹೆಂಡತಿ ಫಹಮೀದಾರ ಮುಂದೆ ಹಾಳೆಯಿಟ್ಟು, ಇದು ನಿಮ್ಮದೇ ಸಹಿಯೇ ಎಂದು ಕೇಳಿದ.

"ಹೂಂ ಅನ್ನು," ಸಾಹೇಬರು ಪಿಸುಗುಟ್ಟಿದರು.

ಫಹಮೀದಾ ಅಧಿಕಾರಿಯತ್ತ ನೋಡಿ ಇಲ್ಲವೆಂದು ತಲೆಯಾಡಿಸಿದರು. ಆಮೇಲೆ ಗಂಡನ ಕಡೆ ತಿರುಗಿದರು. "ಕೇಳಿದ್ರ ನಾನ ಹಾಕ್ತಿದ್ದೆ. ಅಡಿಗಿಮನಿ ಎಷ್ಟು ಮೈಲಿ ದೂರ ಇತ್ತು?"

ಇನ್ನೂರ ಹತ್ತು ಸಹಿಗಳು ತಿರಸ್ಕೃತವಾದವು; ಸಾವಿರಕ್ಕೆ ಕಡಿಮೆಯಾಗಿ ಮತಪತ್ರದಿಂದ ಸಾಹೇಬರ ಹೆಸರೂ ಹೋಯಿತು. ಸುಳ್ಳು ಪ್ರಮಾಣದ ಮೊಕದ್ದಮೆ ಹೂಡಿದಾಗ ಸಾಹೇಬರು ತಪ್ಪೊಪ್ಪಿಕೊಂಡು ಗ್ರಂಥಾಲಯದ ಕುರ್ಚಿಯನ್ನೂ ಬಿಟ್ಟರು. ಪತ್ರಿಕೆಯ ಮುಖಪುಟದಲ್ಲಿ ಅಂತೂ ಅವರ ಫೋಟೊ ಬಂತು. ಬಸಯ್ಯ ಅವರ ಫೋನ್ ಎತ್ತುವುದನ್ನು ನಿಲ್ಲಿಸಿದ.

ಆಗಸ್ಟ್‌ನಲ್ಲಿ, ಪಕ್ಷದ ಅಭ್ಯರ್ಥಿಯನ್ನು ಆರಿಸುವ ಮೊದಲ ಸುತ್ತಿನಲ್ಲಿ, ಫಹಮೀದಾ ಓಟು ಹಾಕಲು ಒಳಗೆ ಹೋದಾಗ ಸಾಹೇಬರು ಮತಗಟ್ಟೆಯ ಹೊರಗೆ ಕಾರಿನಲ್ಲೇ ಕುಳಿತರು. ತಮ್ಮ ಹೆಸರಿಲ್ಲದ ಹಾಳೆಯನ್ನು ನೋಡುವ ಧೈರ್ಯ ಆ ಶೂರರಿಗೆ ಇರಲಿಲ್ಲ.

"ಯಾರಿಗೆ ಹಾಕಿದಿ?"

ಓಟು ಹಾಕಿ ಬಂದ ಫಹಮೀದಾ ಸೀಟ್ ಬೆಲ್ಟ್ ಎಳೆದುಕೊಂಡರು. "ನೀವು ಗಾಡಿ ನಡಸ್ರಿ."